ರೋಸ್‌ಮರಿ ಜೂನ್‌ನಿಂದ ಕಪ್ಪಾಗುತ್ತಿದೆ, ನೀರು ಕಮ್ಮಿ ಆಯ್ತಾ ಜಾಸ್ತಿ ಆಯ್ತಾ?

ಕುವೆಂಪುನಗರ ತಾರಸಿ:

ಎಲ್ಲರಿಗೂ ನಮಸ್ಕಾರ. ಮಾರ್ಚ್ ಕೊನೆಯಲ್ಲಿ ಊಟಿಯಿಂದ ಮೈಸೂರಿಗೆ ಬರುವಾಗ ದಾರಿಯ ನರ್ಸರಿಯೊಂದರಲ್ಲಿ ರೋಸ್‌ಮರಿ ಗಿಡ ತಂದೆ. ಒಂದು ಗೇಣು ಎತ್ತರ ಇತ್ತು. ನನಗೇನೂ ಬೇಕಿರಲಿಲ್ಲ, ಮಗಳ ಹಟ. ರೋಸ್‌ಮರಿ ಕುದಿಸಿದ ನೀರು ತಲೆಗೆ ಹಾಕಿಕೊಂಡರೆ ಕೂದಲು ಮೊಣಕಾಲಿಗೆ ಬರುತ್ತದೆ ಅಂತ ಮೊಬೈಲ್‌ನಲ್ಲಿ ಯಾರೋ ಹೇಳಿದ್ದಾರಂತೆ. ಆಮೇಲೆ ನನಗೇ ಅದರ ವಾಸನೆ ಹಿಡಿಸಿಬಿಟ್ಟಿತು. ಆಲೂಗಡ್ಡೆ ಹುರಿಯುವಾಗ ಎರಡು ಕಡ್ಡಿ ಹಾಕಿ ನೋಡಿ, ಗೊತ್ತಾಗುತ್ತದೆ.

12 ಇಂಚಿನ ಪ್ಲಾಸ್ಟಿಕ್ ಕುಂಡ. ಅರ್ಧ ಕೋಕೋಪೀಟ್ (ತೆಂಗಿನ ನಾರಿನ ಪುಡಿ), ಉಳಿದದ್ದು ಕೆಂಪು ಮಣ್ಣು ಮತ್ತು ಎರೆಗೊಬ್ಬರ. ಬಿಸಿಲು ಬೆಳಗ್ಗೆ 7ರಿಂದ ಮಧ್ಯಾಹ್ನ 2ರವರೆಗೆ ಬೀಳುತ್ತದೆ. 4 ದಿನಕ್ಕೊಮ್ಮೆ ಮಾತ್ರ ನೀರು ಹಾಕುತ್ತೇನೆ, ಕ್ಯಾಲೆಂಡರ್‌ನಲ್ಲಿ ಗುರುತು ಕೂಡ ಹಾಕಿದ್ದೇನೆ. ಏಪ್ರಿಲ್, ಮೇ ಚೆನ್ನಾಗಿ ಚಿಗುರಿತು. ಜೂನ್ ಮಧ್ಯದಿಂದ ಕೆಳಗಿನ ಎಲೆ ಹಳದಿಯಾಗಿ ಆಮೇಲೆ ಕಪ್ಪಾಗಿ ಉದುರುತ್ತಿದೆ. ತುದಿ ಬಾಗಿದೆ. ಬಾಯಾರಿದೆಯೇನೋ ಅಂತ ಮೊನ್ನೆ ಎರಡು ಚೊಂಬು ಜಾಸ್ತಿ ಹಾಕಿದೆ, ಇನ್ನೂ ಬಾಗಿತು. ಅಂಥ ಬೇಸಿಗೆಯಲ್ಲೇ ಬದುಕಿದ ಗಿಡ ಆಷಾಢದ ತಂಪಿನಲ್ಲಿ ಯಾಕೆ ಸಾಯುತ್ತಿದೆ?

ಇನ್ನೊಂದು. ಕುಂಡದ ಚೀಟಿಯಲ್ಲಿ ಸಾಲ್ವಿಯಾ ಅಂತ ಬರೆದಿದೆ. ಬೇರೆ ಗಿಡ ಕೊಟ್ಟು ಟೋಪಿ ಹಾಕಿದ್ರಾ?


ಸುಮ್ನೆ ಓದುವವನು:

ನೀರು ಜಾಸ್ತಿ ಆಗಿದೆ. ಕಮ್ಮಿ ಮಾಡಿ.


ಕುವೆಂಪುನಗರ ತಾರಸಿ:

4 ದಿನಕ್ಕೊಮ್ಮೆ ಹಾಕುವುದು ಜಾಸ್ತಿನಾ? ಪಕ್ಕದ ತುಳಸಿಗೆ ದಿನಾ ಹಾಕುತ್ತೇವಲ್ಲ.


ಬೋಗಾದಿ ಮಣ್ಣು:

ತುಳಸಿಯ ಜೊತೆ ಇದನ್ನು ಹೋಲಿಸಬೇಡಿ ಮೇಡಂ. ಎರಡೂ ಒಂದೇ ಕುಟುಂಬದವು, ಪುದೀನ, ದೊಡ್ಡಪತ್ರೆ ಕೂಡ ಅದೇ ಬಳಗ, ಆದರೆ ಸ್ವಭಾವ ಬೇರೆ. ತುಳಸಿಗೆ ಬಾಯಾರಿದರೆ ಎಲೆ ಜೋತುಬಿದ್ದು ಹೇಳುತ್ತದೆ, ನೀರು ಹಾಕಿ ಒಂದು ಗಂಟೆಗೆ ಎದ್ದು ನಿಲ್ಲುತ್ತದೆ. ರೋಸ್‌ಮರಿ ಬಾಯಿಬಿಡುವುದಿಲ್ಲ. ಎಲೆ ಸೂಜಿಯ ಥರ ಇರುವುದರಿಂದ ಬೇರು ಸತ್ತು ಎಷ್ಟೋ ದಿನ ಆದರೂ ಮೇಲೆ ಹಸಿರಾಗಿಯೇ ಕಾಣುತ್ತದೆ. ನಮಗೆ ಗೊತ್ತಾಗುವ ಹೊತ್ತಿಗೆ ಒಳಗೆ ಅರ್ಧ ಕಥೆ ಮುಗಿದಿರುತ್ತದೆ.

ಎರಡು ಚೊಂಬು ಹಾಕಿದ ಮೇಲೆ ಇನ್ನೂ ಬಾಗಿತು ಅಂದಿರಲ್ಲ, ಅಲ್ಲೇ ಉತ್ತರ ಇದೆ. ಬೇರು ಕೊಳೆತ ಗಿಡವೂ ಬಾಗುತ್ತದೆ, ಒಣಗಿದ ಗಿಡವೂ ಬಾಗುತ್ತದೆ. ಕುಂಡ ಎತ್ತಿ ನೋಡಬೇಕು. ಹಗುರ ಇದ್ದು ಎಲೆ ಗರಿಗರಿ ಆಗಿದ್ದರೆ ಬಾಯಾರಿದೆ. ಭಾರ ಇದ್ದು ಕೆಳಗಿನಿಂದ ಕಪ್ಪಾಗುತ್ತಾ ಬಂದರೆ ಮುಳುಗುತ್ತಿದೆ. ನಾವು ಬಾಗಿದ್ದು ಕಂಡ ಕೂಡಲೇ ಚೊಂಬು ಹಿಡಿದು ಓಡುತ್ತೇವೆ. ಮೊದಲ ಎರಡು ಗಿಡವನ್ನು ನಾನು ಕೊಂದದ್ದು ಹೀಗೇ.

ನಿಮ್ಮ ಕುಂಡವೂ ದೊಡ್ಡದಾಯಿತು. ಗೇಣುದ್ದದ ಗಿಡಕ್ಕೆ 6 ಇಂಚು, ಹೆಚ್ಚೆಂದರೆ 8 ಸಾಕು. ಬೇರು ತಲುಪದ ಮಣ್ಣಿನ ನೀರನ್ನು ಕುಡಿಯುವವರು ಯಾರು? ಹಾಗೇ ಕೂತಿರುತ್ತದೆ. ಮೇಲಾಗಿ ಅರ್ಧ ಕೋಕೋಪೀಟ್! ಅದು ನೀರು ಹಿಡಿದಿಟ್ಟುಕೊಳ್ಳಲೆಂದೇ ಇರುವ ವಸ್ತು. ಇದು ಮೆಡಿಟರೇನಿಯನ್ ಸಮುದ್ರದ ಸುತ್ತಲಿನ ಕಲ್ಲುಗುಡ್ಡದ ಗಿಡ. ಅಲ್ಲಿ ಮಳೆ ಚಳಿಗಾಲದಲ್ಲಿ, ಬೇಸಿಗೆ ಪೂರ್ತಿ ಒಣ. ನಮ್ಮಲ್ಲಿ ಆಷಾಢದಲ್ಲಿ ಮೂರು ದಿನ ಮೋಡ, ಜಿಟಿಜಿಟಿ, ಗಾಳಿಯಲ್ಲೂ ತೇವ. ಮೇ ತಿಂಗಳಲ್ಲಿ ನಾಲ್ಕು ದಿನದಲ್ಲಿ ಒಣಗುತ್ತಿದ್ದ ಮಣ್ಣು ಈಗ ಹತ್ತು ದಿನ ಆದರೂ ಒಣಗುವುದಿಲ್ಲ. ಹಾಗಾಗಿ ಕ್ಯಾಲೆಂಡರ್ ನೋಡಿ ನೀರು ಹಾಕಬೇಡಿ.

ಮೈಸೂರಿನವರಿಗೆ ಸುಲಭದ ಉಪಾಯ ಒಂದಿದೆ. ಊದಿನಕಡ್ಡಿ ಉರಿದ ಮೇಲೆ ಉಳಿಯುವ ಬಿದಿರು ಕಡ್ಡಿಯನ್ನು ಎಸೆಯಬೇಡಿ. ಅದನ್ನು ಮಣ್ಣಿಗೆ ಮೂರು ಇಂಚು ಚುಚ್ಚಿ, ಹತ್ತು ನಿಮಿಷ ಬಿಟ್ಟು ಎಳೆಯಿರಿ. ಮಣ್ಣು ಅಂಟಿಕೊಂಡು ಬಂದರೆ ನೀರು ಬೇಡ. ಒಣಗಿದ ಕಡ್ಡಿ ಬಂದರೆ ಹಾಕಿ, ಹಾಕುವಾಗ ಕೈ ಹಿಡಿಯಬೇಡಿ, ಕೆಳಗಿನ ತೂತಿನಿಂದ ಇಳಿದು ಹೋಗುವಷ್ಟು ಹಾಕಿ. ಆಮೇಲೆ ಮತ್ತೆ ಒಣಗುವ ತನಕ ಮುಟ್ಟಬೇಡಿ. ದಿನಾ ಅರ್ಧ ಲೋಟ ಹಾಕುವುದಕ್ಕಿಂತ ಇದು ಎಷ್ಟೋ ಮೇಲು. ಕೆಳಗೆ ತಟ್ಟೆ ಇಟ್ಟಿದ್ದರೆ ಮೊದಲು ಅದನ್ನು ತೆಗೆಯಿರಿ.

ಸಾಲ್ವಿಯಾ ಅಂತ ಬರೆದಿರುವುದು ಸರಿಯಾಗಿಯೇ ಇದೆ. ಮೊದಲು ಇದನ್ನು ರೋಸ್ಮರಿನಸ್ ಅಂತ ಬೇರೆಯೇ ಇಟ್ಟಿದ್ದರು, 2017ರಲ್ಲಿ ಸಾಲ್ವಿಯಾ ಗುಂಪಿಗೆ ಸೇರಿಸಿದರು. ನರ್ಸರಿಯವರು ನಮಗಿಂತ ಮುಂದಿದ್ದಾರೆ.


ಸರಸ್ವತಿಪುರಂ ಬಾಲ್ಕನಿ:

ಒಂದು ನಿಮಿಷ. ಎಲ್ಲರೂ "ನೀರು ಕಮ್ಮಿ ಮಾಡಿ, ಕಮ್ಮಿ ಮಾಡಿ" ಅಂತ ಹೇಳಿ ಹೇಳಿಯೇ ನನ್ನ ಗಿಡ ಸತ್ತಿದ್ದು. ಕಳೆದ ಏಪ್ರಿಲ್‌ನಲ್ಲಿ ಮದುವೆ ಅಂತ ಒಂಬತ್ತು ದಿನ ಊರಿಗೆ ಹೋಗಿದ್ದೆ. ಬರಗಾಲದ ಗಿಡ, ಏನೂ ಆಗುವುದಿಲ್ಲ ಅಂತ ಯಾರೋ ಧೈರ್ಯ ಹೇಳಿದ್ದರು. ಬಂದು ನೋಡಿದರೆ ಮುಟ್ಟಿದ ಕಡೆಯೆಲ್ಲ ಎಲೆ ಪುಡಿ. ವಾಸನೆ ಮಾತ್ರ ಚೆನ್ನಾಗಿತ್ತು. ಬಕೆಟ್‌ನಲ್ಲಿ ಇಳಿಸಿ ನೀರು ಕುಡಿಸಿದೆ, ಒಂದು ಚಿಗುರೂ ಬರಲಿಲ್ಲ. ಇದೇನು ಪಾಪಾಸುಕಳ್ಳಿ ಅಲ್ಲ ಸ್ವಾಮಿ!


ಬೋಗಾದಿ ಮಣ್ಣು:

ಸರಿಯಾಗಿ ಹೇಳಿದಿರಿ, ನಾನು ಅದನ್ನು ಬಿಟ್ಟೆ. ನೆಲದಲ್ಲಿ ಬೇರು ಬಿಟ್ಟ ಗಿಡ ಒಣ ತಡೆಯುತ್ತದೆ, ಬೇರು ಆಳಕ್ಕೆ ಹುಡುಕಿಕೊಂಡು ಹೋಗುತ್ತದೆ. ಕುಂಡದ ಬೇರು ಎಲ್ಲಿಗೆ ಹೋಗಬೇಕು? ಕುಂಡದ ಗಿಡ ಪೂರ್ತಿ ಒಣಗಿದರೆ ಹೆಚ್ಚಾಗಿ ತಿರುಗಿ ಬರುವುದಿಲ್ಲ. ಏಪ್ರಿಲ್‌ನಲ್ಲಿ ತಾರಸಿಯ ಕಾಂಕ್ರೀಟು ಕಾದು ಕಪ್ಪು ಪ್ಲಾಸ್ಟಿಕ್ ಕುಂಡ ಒಲೆಯ ಮೇಲಿಟ್ಟ ಪಾತ್ರೆಯಂತೆ ಆಗುತ್ತದೆ. ಆಗ ನಾನು ಎರಡು ದಿನಕ್ಕೊಮ್ಮೆ ಹಾಕುತ್ತೇನೆ, ಕುಂಡವನ್ನು ಎರಡು ಇಟ್ಟಿಗೆ ಮೇಲೆ ಇಡುತ್ತೇನೆ. ಒಣಗಿದ ಕೋಕೋಪೀಟ್ ನೀರು ಹೀರುವುದೂ ಇಲ್ಲ. ಸುತ್ತ ಗೋಡೆಯಿಂದ ಬಿಟ್ಟುಕೊಂಡು, ಹಾಕಿದ ನೀರು ಆ ಸಂದಿಯಿಂದ ಕೆಳಗೆ ಓಡಿಬಿಡುತ್ತದೆ, ನಡುವೆ ಒಣಗಿಯೇ ಇರುತ್ತದೆ. ಊದಿನಕಡ್ಡಿಯನ್ನು ಬೇಸಿಗೆಯಲ್ಲೂ ಚುಚ್ಚಿ ನೋಡಿ.


ಲ್ಯಾಬ್ ಕೋಟು:

ಕೂದಲಿನ ವಿಷಯ ಬಂದದ್ದಕ್ಕೆ ಒಂದು ಮಾತು. ಈ ಗಲಾಟೆಗೆಲ್ಲ ಹೆಚ್ಚಾಗಿ ಬೆರಳು ತೋರಿಸುವುದು 2015ರ ಇರಾನಿನ ಒಂದು ಪರೀಕ್ಷೆಯ ಕಡೆಗೆ. ಬೊಕ್ಕತಲೆ ಶುರುವಾದ 100 ಜನರಲ್ಲಿ ಅರ್ಧ ಜನಕ್ಕೆ ರೋಸ್‌ಮರಿ ಎಣ್ಣೆ, ಅರ್ಧ ಜನಕ್ಕೆ ಕೂದಲು ಬೆಳೆಯಲೆಂದು ತಲೆಗೆ ಹಚ್ಚುವ ಔಷಧಿ 2% ಮಿನಾಕ್ಸಿಡಿಲ್ ಕೊಟ್ಟು 6 ತಿಂಗಳು ನೋಡಿದರು. 3 ತಿಂಗಳಿಗೆ ಏನೂ ಕಾಣಲಿಲ್ಲ, 6 ತಿಂಗಳಿಗೆ ಎರಡೂ ಕಡೆ ಸ್ವಲ್ಪ ಕೂದಲು ಹೆಚ್ಚಿತು, ಹೆಚ್ಚುಕಮ್ಮಿ ಒಂದೇ ಸಮ. ಅದು ಎಣ್ಣೆ. ಮನೆಯಲ್ಲಿ ಕುದಿಸಿದ ನೀರಲ್ಲ, ಮೊಣಕಾಲಿನ ಮಾತಂತೂ ಅಲ್ಲಿ ಇಲ್ಲವೇ ಇಲ್ಲ. ಮಗಳಿಗೆ ಹೇಳಿ. ಆಲೂಗಡ್ಡೆಗೆ ಹಾಕುವುದೇ ಒಳ್ಳೆಯ ಉಪಯೋಗ.


ಮಂಡ್ಯ ನಾಲೆಬದಿ:

ನಮ್ಮದು ಮಂಡ್ಯದ ಹತ್ತಿರ, ವಿಶ್ವೇಶ್ವರಯ್ಯ ನಾಲೆಯ ನೀರು ಬರುವ ಜಾಗ. ಕುಂಡ ಗಿಂಡ ನಮಗೆ ಆಗಿಬರಲ್ಲ, ನೆಲದಲ್ಲೇ ಹಾಕೋಣ ಅಂತ ಮೂರು ಗಿಡ ಇಟ್ಟೆ. ಒಂದನ್ನು ಕಬ್ಬಿನ ಗದ್ದೆ ಬದುವಿನಲ್ಲಿ, ಒಂದನ್ನು ಬಚ್ಚಲು ನೀರು ಹರಿಯುವ ಬಾಳೆ ಪಕ್ಕ, ಇನ್ನೊಂದಕ್ಕೆ ಜಾಗ ಸಿಗದೆ ಹಳೇ ಮನೆ ಕೆಡವಿದ ಮಣ್ಣಿನ ಗುಡ್ಡೆ ಮೇಲೆ. ಬಾಳೆ ಪಕ್ಕದ್ದು ಇಪ್ಪತ್ತು ದಿನಕ್ಕೆ ಹೋಯಿತು. ಬದುವಿನದು ನಾಲೆಗೆ ನೀರು ಬಿಡುವ ತನಕ ಚೆನ್ನಾಗಿತ್ತು, ಬಿಟ್ಟ ಮೇಲೆ ನೆಲವೆಲ್ಲ ಜೌಗು, ಅದೂ ಹೋಯಿತು. ಗುಡ್ಡೆ ಮೇಲಿನದಕ್ಕೆ ನಾನು ಗೊಬ್ಬರ ಹಾಕಿಲ್ಲ, ಮೊದಲ ಎರಡು ತಿಂಗಳು ಬಿಟ್ಟರೆ ನೀರೂ ಹಾಕಿಲ್ಲ. ಈಗ ನನ್ನ ಸೊಂಟಕ್ಕೆ ಬಂದಿದೆ, ನೀಲಿ ಹೂ ಬಿಟ್ಟು ಜೇನು ಬರುತ್ತವೆ. ಎಮ್ಮೆ ಒಂದು ಸಲ ಬಾಯಿ ಹಾಕಿ ಮುಖ ಸಿಂಡರಿಸಿಕೊಂಡು ಹೋಯಿತು.

ಆ ಗುಡ್ಡೆಯಲ್ಲಿ ಹೆಂಚಿನ ಚೂರು, ಇಟ್ಟಿಗೆ, ಹಳೇ ಸುಣ್ಣದ ಗಾರೆ ಎಲ್ಲ ಇದೆ. ನೀರು ನಿಲ್ಲುವುದೇ ಇಲ್ಲ. ಆಸೆಯಿಂದ ಒಳ್ಳೆಯ ಮಣ್ಣು ನೋಡಿ ಇಟ್ಟ ಎರಡೂ ಸತ್ತವು, ಕಸದ ಮೇಲೆ ಇಟ್ಟಿದ್ದು ಬದುಕಿತು.


ಬೋಗಾದಿ ಮಣ್ಣು:

ಅಣ್ಣಾ, ಆ ಗಾರೆ ನಿಮಗೆ ಅರಿವಿಲ್ಲದೆ ಸಿಕ್ಕ ಪುಣ್ಯ. ಹುಳಿ ಮಣ್ಣು ಇದಕ್ಕೆ ಅಷ್ಟು ಹಿಡಿಸುವುದಿಲ್ಲ, ಸ್ವಲ್ಪ ಸುಣ್ಣದ ಅಂಶ ಇದ್ದರೆ ಖುಷಿ. ಆದರೆ ಇದನ್ನು ಓದಿ ಯಾರೂ ಕುಂಡಕ್ಕೆ ಎಲೆಅಡಿಕೆಯ ಸುಣ್ಣ ಸುರಿಯಬೇಡಿ, ಬೇರು ಸುಟ್ಟುಹೋಗುತ್ತದೆ. ಬೋರ್‌ವೆಲ್ ನೀರು ಹಾಕುವವರಿಗೆ ಅದರಲ್ಲೇ ಬೇಕಾದಷ್ಟು ಇರುತ್ತದೆ, ಪಾತ್ರೆಗೆ ಬಿಳಿ ಕಟ್ಟುವುದಿಲ್ಲವೇ.

ಕುವೆಂಪುನಗರ ಮೇಡಂ, ನನಗೆ ಒಂದು ಅನುಮಾನ. ಕುಂಡ ದೊಡ್ಡದು, ಕೋಕೋಪೀಟ್ ಜಾಸ್ತಿ, ಎಲ್ಲ ಸರಿ. ಆದರೂ ನಾಲ್ಕು ದಿನಕ್ಕೊಮ್ಮೆ ಲೆಕ್ಕದಲ್ಲಿ ಇಷ್ಟು ಬೇಗ ಕೊಳೆಯುವುದು ಕಷ್ಟ. ಜೂನ್‌ನಲ್ಲಿ ಮನೆಯಲ್ಲಿ ಬೇರೆ ಏನು ಬದಲಾಯಿತು? ಮಣ್ಣಿನ ಮೇಲೆ ಏನಾದರೂ ಕಾಣುತ್ತಿದೆಯಾ?


ಕುವೆಂಪುನಗರ ತಾರಸಿ:

ಮಣ್ಣಿನ ಮೇಲೆ ತೆಳ್ಳಗೆ ಬೆಳ್ಳಗೆ ಪೊರೆ ಥರ ಇದೆ. ಸಣ್ಣ ಸಣ್ಣ ಕರಿ ನೊಣ, ಕುಂಡ ಅಲುಗಿಸಿದರೆ ಏಳುತ್ತವೆ. ಮಳೆಗಾಲ ಅಲ್ವಾ ಅಂದುಕೊಂಡಿದ್ದೆ. ಬದಲಾವಣೆ ಅಂತ ಏನೂ ಇಲ್ಲ. ಜೂನ್ 10ಕ್ಕೆ ಮಳವಳ್ಳಿಯಿಂದ ಅತ್ತೆ ಬಂದಿದ್ದಾರೆ, ಅಷ್ಟೇ.


ಸರಸ್ವತಿಪುರಂ ಬಾಲ್ಕನಿ:

ಅಯ್ಯೋ. ಬೆಳಗ್ಗೆ ಎಷ್ಟು ಗಂಟೆಗೆ ಏಳುತ್ತಾರೆ ಅತ್ತೆ?


ಕುವೆಂಪುನಗರ ತಾರಸಿ:

ಈಗ ತಾನೇ ಕೇಳಿಕೊಂಡು ಬಂದೆ. ನಗಬೇಡಿ. ದಿನಾ ಬೆಳಗ್ಗೆ ಐದೂವರೆಗೆ, ನಾನು ಏಳುವ ಮೊದಲೇ, ಹಿಂದಿನ ರಾತ್ರಿ ಅಕ್ಕಿ ತೊಳೆದ ಕಲಗಚ್ಚನ್ನು ತೆಗೆದುಕೊಂಡು ಹೋಗಿ ಎಲ್ಲ ಕುಂಡಕ್ಕೂ ಒಂದೊಂದು ಲೋಟ ಹಾಕುತ್ತಿದ್ದಾರೆ. ಊರಿನಲ್ಲಿ ಹಸುವಿಗೆ ಹಾಕುತ್ತಿದ್ದರಂತೆ, ಇಲ್ಲಿ ಹಸು ಇಲ್ಲ, ಮೋರಿಗೆ ಚೆಲ್ಲಲು ಮನಸ್ಸು ಬರುವುದಿಲ್ಲವಂತೆ. "ಈ ಊಟಿ ಗಿಡ ಮಾತ್ರ ಬಡಕಲು ಇತ್ತು ಕಣಮ್ಮ, ಅದಕ್ಕೆ ಎರಡು ಲೋಟ ಹಾಕ್ತಿದ್ದೆ" ಅಂದರು. ನಾನು ಕ್ಯಾಲೆಂಡರ್‌ನಲ್ಲಿ ಗುರುತು ಹಾಕಿಕೊಂಡು ಕೂತಿದ್ದೇನೆ!

ಅವರಿಗೆ ಬೈಯಲೂ ಆಗಲ್ಲ, ಅವರು ಬಂದ ಮೇಲೆ ದೊಡ್ಡಪತ್ರೆ, ಮಲ್ಲಿಗೆ ಎಲ್ಲ ನಳನಳಿಸುತ್ತಿವೆ. ಈಗ ಇದನ್ನು ಉಳಿಸುವುದು ಹೇಗೆ?


ಬೋಗಾದಿ ಮಣ್ಣು:

ಕಲಗಚ್ಚು ವಿಷ ಅಲ್ಲ, ಮಲ್ಲಿಗೆಗೆ ಹಾಕಲಿ ಬಿಡಿ. ಆದರೆ ಒಣಗದ ಮಣ್ಣಿನಲ್ಲಿ ಆ ಗಂಜಿ ಹುಳಿಯುತ್ತದೆ, ಬೂಷ್ಟು ಕಟ್ಟುತ್ತದೆ. ನೊಣ ಬಂದದ್ದು ಯಾವಾಗಲೂ ಹಸಿಯಾಗಿರುವ ಮಣ್ಣಿಗೆ.

ಇವತ್ತೇ ಕುಂಡ ಬೋರಲು ಹಾಕಿ ಗಿಡ ಹೊರಗೆ ತೆಗೆಯಿರಿ, ನಾಳೆ ಅನ್ನಬೇಡಿ. ನಡುವೆ ನರ್ಸರಿಯವರ ಕಪ್ಪು ಮುದ್ದೆ ಹಾಗೇ ಇರುತ್ತದೆ, ಇಡ್ಲಿ ಗಾತ್ರದ್ದು. ಅದನ್ನು ಹಿಂಡಿ ನೋಡಿ, ನೀರು ಇಳಿದರೆ ಇಡೀ ಮುದ್ದೆಯನ್ನು ಮೆಲ್ಲಗೆ ಬಿಡಿಸಿ. ಬೇರನ್ನು ಎರಡು ಬೆರಳಲ್ಲಿ ಹಿಡಿದು ಎಳೆಯಿರಿ. ಬೆಳ್ಳಗೆ ಗಟ್ಟಿ ಇದ್ದರೆ ಬದುಕಿದೆ. ಕಂದು ಬಣ್ಣದ ಸಿಪ್ಪೆ ಜಾರಿ ಕೈಗೆ ಬಂದು ಒಳಗೆ ದಾರದಂಥ ಎಳೆ ಮಾತ್ರ ಉಳಿದರೆ ಆ ಬೇರು ಸತ್ತಿದೆ, ಕತ್ತರಿಸಿ. ಮೂರರಲ್ಲಿ ಒಂದು ಪಾಲು ಬೇರು ಗಟ್ಟಿ ಇದ್ದರೂ ಆಸೆ ಇಟ್ಟುಕೊಳ್ಳಬಹುದು. ಬೇರು ಎಷ್ಟು ಹೋಯಿತೋ ಮೇಲೂ ಸುಮಾರಾಗಿ ಅಷ್ಟು ಕತ್ತರಿಸಿ. ಎಲೆ ಇಲ್ಲದ ಬೋಳು ಕಟ್ಟಿಗೆ ತನಕ ಮಾತ್ರ ಕತ್ತರಿ ಹಾಕಬೇಡಿ, ಅಲ್ಲಿಂದ ಚಿಗುರು ಬರುವುದು ಬಹಳ ಅಪರೂಪ.

ಆಮೇಲೆ 6 ಇಂಚಿನ ಮಣ್ಣಿನ ಕುಂಡ. ನಾನು ಹಾಕುವ ಮಣ್ಣು ಎರಡು ಪಾಲು ಕೆಂಪು ಮಣ್ಣು, ಎರಡು ಪಾಲು ದಪ್ಪ ಮರಳು, ಒಂದು ಪಾಲು ಹಳೆಯ ಕೊಟ್ಟಿಗೆ ಗೊಬ್ಬರ. ಮರಳು ಸಿಗದೆ ಎಂ-ಸ್ಯಾಂಡ್ (ಕಲ್ಲು ಪುಡಿ ಮಾಡಿದ ಮರಳು) ಹಾಕುವುದಾದರೆ ಜರಡಿ ಹಿಡಿದು ತೊಳೆದು ಹಾಕಿ, ಆ ನುಣ್ಣನೆ ಧೂಳು ನೆನೆದು ಒಣಗಿದರೆ ಮಣ್ಣು ಗಟ್ಟಿಯಾಗಿ ನೀರು ಇಳಿಯುವುದಿಲ್ಲ. ಒಂದು ವಾರ ಸಜ್ಜಾದ ಕೆಳಗೆ ಬೆಳಕಿರುವ ಕಡೆ ಇಡಿ, ಆಮೇಲೆ ಬಿಸಿಲಿಗೆ. ಗೊಬ್ಬರ, ಬೇವಿನ ಹಿಂಡಿ, ಬಾಳೆಹಣ್ಣಿನ ಸಿಪ್ಪೆ ನೀರು ಇದ್ಯಾವುದೂ ಈಗ ಬೇಡ. ಜ್ವರ ಬಂದವರಿಗೆ ಬಿರಿಯಾನಿ ಕೊಟ್ಟ ಹಾಗಾಗುತ್ತದೆ.


ಮಂಡ್ಯ ನಾಲೆಬದಿ:

ಗಿಡ ಉಳಿಯುತ್ತೋ ಬಿಡುತ್ತೋ, ಮೊದಲು ನಾಲ್ಕು ಕಡ್ಡಿ ಕತ್ತರಿಸಿ ನೆಟ್ಟುಬಿಡಿ ಅಕ್ಕ. ಹೇಗೂ ಮೇಲೆ ಕತ್ತರಿಸುತ್ತೀರಲ್ಲ. ಮೇಲಿನ ಹಸಿರು ಕುಡಿಯಲ್ಲಿ ನಾಲ್ಕೈದು ಇಂಚು, ತೀರಾ ಎಳೆಯದೂ ಬೇಡ, ಮರವಾಗಿದ್ದೂ ಬೇಡ, ಬಗ್ಗಿಸಿದರೆ ಬಳುಕಬೇಕು. ಕೆಳಗಿನ ಅರ್ಧದ ಎಲೆ ಸವರಿಬಿಡಿ. ತೊಳೆದ ಮರಳಿನಲ್ಲಿ ಚುಚ್ಚಿ ನೆರಳಲ್ಲಿ ಇಡಿ, ಮರಳು ಹಸಿ ಇದ್ದರೆ ಸಾಕು, ಕೆಸರಾಗಬಾರದು. ನನಗೆ ಐದು ವಾರ ಹಿಡಿದಿತ್ತು. ಆರರಲ್ಲಿ ನಾಲ್ಕು ಬೇರು ಬಿಟ್ಟವು. ದಿನಾ ಎಳೆದು ನೋಡಬೇಡಿ, ನನ್ನ ಒಂದು ಕಡ್ಡಿ ಸತ್ತಿದ್ದು ಅದಕ್ಕೇ. ಬೀಜದ ತಂಟೆಗೆ ಹೋಗಲೇಬೇಡಿ, ಹುಟ್ಟುವುದು ಕಮ್ಮಿ, ಹುಟ್ಟಿದರೂ ಆಮೆ.


ಕುವೆಂಪುನಗರ ತಾರಸಿ:

ತೆಗೆದೆ. ಮುದ್ದೆ ಹಿಂಡಿದರೆ ಕಾಲು ಲೋಟ ನೀರು ಬಂತು, ವಾಸನೆ ಹುಳಿ ಬಂದ ದೋಸೆ ಹಿಟ್ಟಿನದು. ಮೇಲುಗಡೆ ಒಂದು ಪಕ್ಕದ ಬೇರು ಬಿಳಿ ಇದೆ, ಕೆಳಗಿನದೆಲ್ಲ ನೀವು ಹೇಳಿದ ಹಾಗೆ ಸಿಪ್ಪೆ ಜಾರಿ ಬಂತು. ಅತ್ತೆ ಪಕ್ಕದಲ್ಲೇ ಕೂತು ನೋಡಿದರು, ಏನೂ ಮಾತಾಡಲಿಲ್ಲ. ಕಡ್ಡಿ ಆರು ನೆಟ್ಟಿದ್ದೇನೆ. ಉಳಿದದ್ದು ಚಾಮುಂಡಿ ತಾಯಿ ಕೈಯಲ್ಲಿ.


ಕುವೆಂಪುನಗರ ತಾರಸಿ (ಏಳು ವಾರದ ನಂತರ):

ಯಾರಾದರೂ ಇದನ್ನು ಇನ್ನೂ ನೋಡುತ್ತಿದ್ದರೆ ಸುದ್ದಿ ಹೇಳೋಣ ಅಂತ. ತಾಯಿ ಗಿಡ ಉಳಿಯಲಿಲ್ಲ. ಮೂರು ವಾರ ಹಸಿರಾಗಿಯೇ ಇತ್ತು, ನಾನು ಗೆದ್ದೆ ಅಂದುಕೊಂಡಿದ್ದೆ. ಒಂದು ದಿನ ಕೈಯಾಡಿಸಿದರೆ ಎಲೆಯೆಲ್ಲ ಸುರಿಯಿತು. ಬಾಯಿಬಿಡುವುದಿಲ್ಲ ಅಂದಿರಲ್ಲ, ಅದು ನಿಜ.

ಆರು ಕಡ್ಡಿಯಲ್ಲಿ ಮೂರು ಹಿಡಿದಿವೆ. ಮೊನ್ನೆ ಬೇರೆ ಬೇರೆ ಸಣ್ಣ ಕುಂಡಕ್ಕೆ ಹಾಕಿದೆ, ತುದಿಯಲ್ಲಿ ತಿಳಿಹಸಿರು ಚಿಗುರು, ಚಿವುಟಿದರೆ ಅದೇ ವಾಸನೆ. ಒಂದನ್ನು ಅತ್ತೆ ಮಳವಳ್ಳಿಗೆ ತೆಗೆದುಕೊಂಡು ಹೋಗುತ್ತಾರಂತೆ. ಈಗ ಅವರೇ ಬೆಳಗ್ಗೆ ದೇವರಿಗೆ ಹಚ್ಚಿದ ಊದಿನಕಡ್ಡಿ ಉರಿದು ಮುಗಿದ ಮೇಲೆ ಮಿಕ್ಕ ಕಡ್ಡಿ ತೆಗೆದುಕೊಂಡು ಹೋಗಿ ಮೂರಕ್ಕೂ ಚುಚ್ಚಿ ನೋಡಿ ಬರುತ್ತಾರೆ. ನನಗೆ ಹಾಕಲು ಬಿಡುವುದಿಲ್ಲ. ನಿನ್ನೆ ನಾನು ಚೊಂಬು ಎತ್ತಿದ್ದಕ್ಕೆ "ಇನ್ನೂ ಹಸಿ ಐತೆ, ಮುಟ್ಟಬೇಡ" ಅಂತ ಅಡುಗೆಮನೆಯಿಂದಲೇ ಕೂಗಿದರು.

ಅಕ್ಟೋಬರ್ ಮಳೆ ಜೋರಾಗಿ ಬರುತ್ತದಲ್ಲ, ಆಗ ಮೂರನ್ನೂ ಸಜ್ಜಾ ಕೆಳಗೆ ಎಳೆದುಕೊಳ್ಳಲಾ, ಇಲ್ಲ ತಾರಸಿಯಲ್ಲೇ ಬಿಡಲಾ?


ಬೋಗಾದಿ ಮಣ್ಣು:

ಎಳೆದುಕೊಳ್ಳಿ. ಮಳೆ ಬಿಟ್ಟ ದಿನ ಬಿಸಿಲಿಗೆ ಇಡಿ. ಕುಡಿ ಚಿವುಟುತ್ತಾ ಇರಿ, ಪೊದೆಯಾಗುತ್ತದೆ. ಅತ್ತೆಗೆ ನನ್ನ ನಮಸ್ಕಾರ ಹೇಳಿ.